ಪಾಟಿ ತುಂಬ ಆರು

ಮೊಮ್ಮಕ್ಕಳೇ, ಮೊನ್ನೆ ನಿಮ್ಮಲ್ಲಿ ಸಣ್ಣವಳ ಲೆಕ್ಕದ ವಹಿಯಲ್ಲಿ ಸೊನ್ನೆ, ಚುಕ್ಕೆ, ಆರು ಎಂದು ಬರೆದು, ಆರರ ತಲೆಯ ಮೇಲೊಂದು ಗೆರೆ ಎಳೆದದ್ದನ್ನು ಕಂಡೆ. ಕೇಳಿದರೆ, "ಮುಂದೆಲ್ಲಾ ಆರೇ ಬರ್ತಾವ ಅಂತ ಗುರುತು ಅಜ್ಜಿ" ಅಂದಳು. ಆ ಗೆರೆ ಗೊತ್ತಿದ್ದರೆ ನನ್ನದೊಂದು ಅಳು ತಪ್ಪುತ್ತಿತ್ತು. ತೀರಿಹೋದ ನಿಮ್ಮ ಅಜ್ಜನಿಗೆ ಬಿಟ್ಟರೆ ಇದನ್ನು ಯಾರಿಗೂ ಹೇಳಿಲ್ಲ. ಹೇಳಲು ನಾಚಿಕೆ, ಬರೆಯಲು ಅಷ್ಟಿಲ್ಲ.

ಸ್ವಾತಂತ್ರ್ಯ ಬಂದು ಕೆಲವು ವರ್ಷವಾಗಿತ್ತು. ಕನ್ನಡ ನಾಡೆಲ್ಲ ಒಂದಾಗಬೇಕೆಂಬ ಮಾತು ಅಡರಕಟ್ಟಿಯ ನಮ್ಮ ಮನೆಯ ಕಟ್ಟೆಯ ಮೇಲೂ ನಡೆಯುತ್ತಿತ್ತು. ನಾನು ಊರ ಶಾಲೆಯ ಕೊನೆಯ ಇಯತ್ತೆಯಲ್ಲಿದ್ದೆ. ಮುಂದೆ ಕಲಿಯಬೇಕೆಂದರೆ ಲಕ್ಷ್ಮೇಶ್ವರಕ್ಕೆ ನಡೆಯಬೇಕು. ಅಪ್ಪನಿಗೆ ಮನಸ್ಸಿರಲಿಲ್ಲ. "ಸಾಲಿ ತಪಾಸಣಿ ಸಾಹೇಬ್ರ ಪರೀಕ್ಷಾದಾಗ ಪಾಸಾದ್ರ ಹೋಗು. ಇಲ್ಲಾಂದ್ರ ಅವ್ವನ ಜೋಡಿ ಮನ್ಯಾಗ ಇರು" ಎಂದಿದ್ದ.

ಮಾಸ್ತರರು ಭಿನ್ನರಾಶಿಯನ್ನು ದಶಾಂಶ ಮಾಡುವುದನ್ನು ಕಲಿಸಿದ್ದರು. ಮೇಲಿನ ಅಂಕಿಯನ್ನು ಕೆಳಗಿನದರಿಂದ ಭಾಗಿಸು, ಸಾಲದಿದ್ದರೆ ಚುಕ್ಕೆ ಇಟ್ಟು ಸೊನ್ನೆ ಇಳಿಸು, ಶೇಷ ಸೊನ್ನೆಯಾಗುವವರೆಗೆ ಬಿಡಬೇಡ. ಅವರು ಕೊಟ್ಟದ್ದೆಲ್ಲ ಕಾಲು, ಅರ್ಧ, ಮುಕ್ಕಾಲು, ಎಲ್ಲವೂ ಮುಗಿಯುವಂಥವೇ. ಮನೆಯಲ್ಲಿ ಅವ್ವನದೂ ಅದೇ ಶಿಸ್ತು. ಬೀಸುಕಲ್ಲಿನ ಬಾಯಲ್ಲಿ ಒಂದು ಜೋಳದ ಕಾಳು ಉಳಿದರೂ ಏಳಗೊಡುತ್ತಿರಲಿಲ್ಲ.

ಪರೀಕ್ಷೆಯ ದಿನ ಸಾಹೇಬರು ಮೂರರಲ್ಲಿ ಎರಡು ಭಾಗವನ್ನು ದಶಾಂಶ ಮಾಡಲು ಹೇಳಿದರು. ಎರಡಕ್ಕೆ ಸೊನ್ನೆ ಇಳಿಸಿ ಇಪ್ಪತ್ತು. ಮೂರಾರಲೆ ಹದಿನೆಂಟು, ಉಳಿದದ್ದು ಎರಡು. ಮತ್ತೆ ಸೊನ್ನೆ, ಮತ್ತೆ ಆರು, ಮತ್ತೆ ಎರಡು. ಉಳಿದವರು ನಾಲ್ಕಾರು ಅಂಕಿ ಬರೆದು ಪಾಟಿ ಬೋರಲು ಹಾಕಿದರು. ನಾನು ಬಿಡಲಿಲ್ಲ. ಪಾಟಿಯ ಚೌಕಟ್ಟಿನವರೆಗೆ ತುಂಬಿಸಿ, ಲೆಕ್ಕವನ್ನು ಸೆಗಣಿ ಸಾರಿಸಿದ ನೆಲಕ್ಕೆ ಇಳಿಸಿದೆ. ಎಲ್ಲೋ ತಪ್ಪಿದ್ದೇನೆ, ಲಕ್ಷ್ಮೇಶ್ವರ ಹೋಯಿತು ಎಂದು ಕಣ್ಣೀರು ಬಂತು.

"ಲೇ, ಹಿಂಗಾದ್ರ ಬಾಗಲಾ ದಾಟಿ ಓಣಿಗೆ ಹೋಗ್ತಿ ನೋಡು" ಎಂದು ಹಿಂದೆ ಕುಳಿತಿದ್ದ ಗೆಳತಿ ಕಿಸಕ್ಕನೆ ನಕ್ಕಳು.

ಸಾಹೇಬರು ಬಂದು ನಿಂತರು. "ಯಾಕವ್ವಾ, ಯಾಕ ನಿಲ್ಲಸಲಿಲ್ಲ?"

"ಇನ್ನೂ ಉಳದೈತ್ರಿ."

"ಎಲ್ಲೀತನಾ ಬರೀತಿ?"

ಮುಖ ಎತ್ತಲಾಗದೆ ನೆಲ ನೋಡಿದೆ. ಆಗ ಕಂಡಿತು, ಪ್ರತಿ ಸಲವೂ ತಳದಲ್ಲಿ ಅದೇ ಎರಡು.

"ಎಷ್ಟ ಬರದ್ರೂ ಆರೇ ಬರ್ತಾವ್ರಿ. ಉಳಿಯೂದೂ ಅದ ಎರಡು. ಇದು ಮುಗಿಯಂಗಿಲ್ರಿ."

ಸಾಹೇಬರು ಮಾಸ್ತರರತ್ತ ತಿರುಗಿ, "ಈಕಿನ್ನ ಲಕ್ಷ್ಮೇಶ್ವರಕ್ಕ ಕಳಸ್ರಿ" ಎಂದರು.

ಸುದ್ದಿ ಕೇಳಿದ ಅಪ್ಪ ಎತ್ತಿನ ಮೈ ತಿಕ್ಕುತ್ತಲೇ, "ಆತು, ಮಾತು ಕೊಟ್ಟೇನಿ" ಎಂದ. ಬೀಸುತ್ತಿದ್ದ ಅವ್ವನಿಗೆ ಮಾತ್ರ ಬೇರೆಯೇ ಚಿಂತೆ.

"ಮುಗೀಲಾರದ ಲೆಕ್ಕಾನೂ ಇರ್ತೈತೇನ?"

ಹೌದೆಂದೆ. ಅವಳು ಕಲ್ಲಿನ ಬಾಯಿಗೆ ಇನ್ನೊಂದು ಹಿಡಿ ಜೋಳ ಹಾಕಿ, ಗೂಟದ ಮೇಲೆ ನನ್ನ ಕೈಗೂ ಜಾಗ ಬಿಟ್ಟಳು.

"ಇದು ಮುಗೀತೈತಿ, ಕುಂಡ್ರು. ಲಕ್ಷ್ಮೇಶ್ವರಕ್ಕ ಹೋಗಾಕಿಗೆ ಬುತ್ತಿ ರೊಟ್ಟಿ ಬೇಕಲ್ಲ."