ನಲವತ್ತು ದಿನದ ಹಡಗು

ಹಡಗುಕಟ್ಟೆಯ ಬಡಗಿಗೆ ಮಾತು ಕಡಿಮೆ, ಕೈಚಳಕ ಜಾಸ್ತಿ. ಅವನು ಕೂಡಿಸಿದ ಎರಡು ಹಲಗೆಗಳ ನಡುವೆ ಕೂದಲೂ ತೂರುತ್ತಿರಲಿಲ್ಲ. ಆದ್ದರಿಂದಲೇ ‘ಮುಂಬೆಳಗು’ ಎಂಬ ಉಗಿಹಡಗಿನ ಒಳಕೋಣೆಯಲ್ಲಿದ್ದ ತಾಮ್ರದ ಯಂತ್ರಕ್ಕೆ ಮರದ ಚೌಕಟ್ಟು ಕಟ್ಟಲು ಕಂಪನಿಯವರು ಅವನನ್ನೇ ಕರೆಸಿದರು. ಯಂತ್ರ ಏನು ಮಾಡುತ್ತದೆ ಎಂದು ಕೇಳಿದ್ದಕ್ಕೆ ಎಂಜಿನಿಯರು, “ಅಲುಗಾಡದ ಹಾಗೆ ಕಟ್ಟು, ಸಾಕು” ಎಂದ. ಕಟ್ಟಿದವನು ಜೊತೆಗಿದ್ದರೆ ಒಳ್ಳೆಯದೆಂದು ಪ್ರಯಾಣಕ್ಕೂ ಹೊರಡಿಸಿದರು. ಹೋಗಿಬರಲು ನಲವತ್ತು ದಿನ.

ಆಗ ಅವನಿಗೆ ಮೂವತ್ತೊಂದು. ಹೆಂಡತಿ ಹೊಸ ನೀಲಿ ಅಂಗಿ ಹೊಲಿದುಕೊಟ್ಟಳು. ಐದು ವರ್ಷದ ಮಗಳು, “ನಲವತ್ತು ಅಂದ್ರೆ ಎಷ್ಟಪ್ಪಾ?” ಎಂದಾಗ ಅವಳ ಹತ್ತು ಬೆರಳನ್ನೂ ನಾಲ್ಕು ಸಲ ಮಡಿಸಿ ತೋರಿಸಿದ.

ನಡುಗಡಲಿನಲ್ಲಿ ಒಂದು ಮಧ್ಯಾಹ್ನ ಯಂತ್ರ ಗುಂಯ್‌ಗುಟ್ಟಿತು. ಎಲ್ಲರ ಕಿವಿಯೂ ಗಪ್ಪೆಂದು ಮುಚ್ಚಿಕೊಂಡು, ಕಣ್ಣುಮಿಟುಕಿಸುವಷ್ಟು ಹೊತ್ತು ಸಮುದ್ರ ಹಾಲಿನಂತೆ ಬೆಳ್ಳಗಾಯಿತು. ಅಷ್ಟೇ. ನಲವತ್ತನೆಯ ದಿನ ಬಂದರಿಗೆ ಮರಳಿದರೆ ಅಲ್ಲಿ ಯಾರೂ ಕಂಡರಿಯದ ಕ್ರೇನುಗಳು ನಿಂತಿದ್ದವು. ಮನೆಯ ಬಾಗಿಲು ತೆರೆದವಳು ಹದಿನಾರರ ಹುಡುಗಿ. ಅವನಿಗೆ ಅವಳ ಗುರುತು ಹತ್ತುವಷ್ಟರಲ್ಲಿ ಅವಳು ಒಳಗೆ ತಿರುಗಿ, “ಅಪ್ಪಾ, ಯಾರೋ ಬಂದಿದ್ದಾರೆ” ಎಂದು ಕೂಗಿದಳು. ಕೈ ಒರೆಸಿಕೊಳ್ಳುತ್ತಾ ಹೊರಬಂದವನು ಬಡಗಿಯ ಒಡಹುಟ್ಟಿದ ತಮ್ಮ.

ದಡದಲ್ಲಿ ಹನ್ನೊಂದು ವರ್ಷ ಉರುಳಿಹೋಗಿತ್ತು. ಹಡಗು ಯಾವುದೋ ದ್ವೀಪದಲ್ಲಿ ಸಿಕ್ಕಿಹಾಕಿಕೊಂಡಿತ್ತೆಂದು ಕಂಪನಿ ಊರಿಗೆಲ್ಲ ಸಾರಿತು. ಹೆಂಡತಿ ಅವನೆದುರು ಕೂತು ನೀಲಿ ಅಂಗಿಯ ಕಾಲರನ್ನು ಮುಟ್ಟಿ ನೋಡಿದಳು.

“ಹನ್ನೊಂದು ವರ್ಷ ದ್ವೀಪದಲ್ಲಿದ್ದೋರ ಅಂಗೀನಾ ಇದು? ಬಣ್ಣಾನೂ ಮಾಸಿಲ್ಲ.”

“ನಂಗೆ ನಲವತ್ತೇ ದಿನ ಕಣೇ.”

“ಏಳು ವರ್ಷ ಕಣ್ಣಲ್ಲಿ ಎಣ್ಣೆ ಬಿಟ್ಕೊಂಡು ಕಾದೆ. ಆಮೇಲೆ ಆಗ್ಲಿಲ್ಲ.” ಅವಳು ಅಳಲಿಲ್ಲ.

ತಮ್ಮ ತಲೆ ತಗ್ಗಿಸಿ, “ಅಣ್ಣಾ, ಮನೆ ನಿನ್ನದೇ, ನಾನು ಹೋಗ್ತೀನಿ” ಎಂದ. ಹೋಗು ಎನ್ನಲು ಬಡಗಿಗೆ ಬಾಯಿ ಬರಲಿಲ್ಲ. ಯಾರದೂ ತಪ್ಪಿಲ್ಲದ ಕಡೆ ಸಿಟ್ಟನ್ನು ಯಾರ ಮೇಲೆ ಇಳಿಸುವುದು? ಹಾಸಿಗೆ ಸುತ್ತಿಕೊಂಡು ಹಡಗುಕಟ್ಟೆಯ ಕೊಟ್ಟಿಗೆ ಸೇರಿದ.

ಕಂಪನಿಯವರು ಹಡಗಿಗೆ ಹೊಸ ಬಣ್ಣ ಬಳಿದು ‘ಹೊಸಹಾದಿ’ ಎಂದು ಹೆಸರಿಟ್ಟರು. ದೂರದ ಬಂದರಿನಿಂದ, ಏನೂ ಅರಿಯದ ಆಳುಗಳನ್ನು ತಂದರು. ಎಂಜಿನಿಯರು ಕೊಟ್ಟಿಗೆಗೇ ಬಂದು ಕೂತ.

“ಈ ಸಲ ಯಂತ್ರ ಹಿಂದಕ್ಕೆ ತಿರುಗತ್ತೆ. ನೀನು ಹೊರಟ ದಿನಕ್ಕೇ ನಿನ್ನನ್ನ ಇಳಿಸ್ತೀನಿ. ಮಗಳಿಗೆ ಐದೇ ವರ್ಷ, ತಿಳ್ಕೋ.”

“ಹೊಸಬರಿಗೆ ಹೇಳಿದ್ದೀರಾ?”

“ಹೇಳಿದ್ರೆ ಯಾವನು ಹತ್ತುತಾನೆ? ಯಾರೂ ಹತ್ತದಿದ್ರೆ ಹಡಗು ಹೊರಡಲ್ಲ. ನೀನೇ ಯೋಚನೆ ಮಾಡು.”

ಹಿಂದಕ್ಕೆ ಹೋದರೆ, ಮನೆಮಂದಿಯನ್ನು ಈ ಕಾಲದಲ್ಲೇ ಬಿಟ್ಟು ಬರುವ ಆ ಹೊಸಬರ ಗತಿಯೇನು ಎಂಬುದು ಬಡಗಿಗೆ ಹೊಳೆಯದೇ ಇರಲಿಲ್ಲ. ಹೊಳೆದದ್ದನ್ನು ಹೊಸ್ತಿಲಾಚೆಯೇ ನಿಲ್ಲಿಸಿ ಬಾಗಿಲು ಹಾಕಿಕೊಂಡ.

ಹೊಸಬರಲ್ಲಿ ಒಬ್ಬ ಕುಲುಮೆಗೆ ಕಲ್ಲಿದ್ದಲು ಹಾಕುವವನು. ಇಪ್ಪತ್ತೆರಡು ವರ್ಷ, ನಗುಮುಖ. ಅವನ ಹೆಂಡತಿಗೆ ಏಳು ತಿಂಗಳು. ಹಡಗು ಲಂಗರು ಎತ್ತುವ ಬೆಳಿಗ್ಗೆ, ಉಳಿ ಮಸೆಯುತ್ತಿದ್ದ ಬಡಗಿಯ ಪಕ್ಕ ಬಂದು ಕುಕ್ಕರುಗಾಲಲ್ಲಿ ಕೂತ.

“ಅಣ್ಣಾ, ನೀವು ಹಳಬರು. ನಲವತ್ತು ದಿನಕ್ಕೆ ಗ್ಯಾರಂಟಿ ಬರ್ತೀವಾ? ಹೆರಿಗೆ ಹೊತ್ತಿಗೆ ನಾನಿರಬೇಕು. ಇಲ್ದಿದ್ರೆ ಅವಳು ನನ್ನ ಚರ್ಮ ಸುಲೀತಾಳೆ.”

ಬಡಗಿ ತಲೆ ಎತ್ತಲಿಲ್ಲ. “ಬರ್ತೀವಿ” ಎಂದ.

ಯಂತ್ರ ಮುಂದಕ್ಕೇ ಓಡಿತು. ಈ ಸಲ ಹತ್ತೊಂಬತ್ತು ವರ್ಷ. ಬಂದರಿನ ಎತ್ತರದ ಕಟ್ಟಡಗಳನ್ನು ನೋಡಿ ಎಂಜಿನಿಯರು ಕನ್ನಡಕ ಒರೆಸಿಕೊಂಡು, “ಎಲ್ಲೋ ಎಡವಟ್ಟಾಯ್ತು” ಎಂದ. ಕೊರಳಪಟ್ಟಿ ಹಿಡಿದು ಕೇಳೋಣವೆಂದರೆ ಕಂಪನಿ ಮುಚ್ಚಿಹೋಗಿತ್ತು. ಮಾಲೀಕರು ವಯಸ್ಸಾಗಿ, ಮೆತ್ತನೆ ಹಾಸಿಗೆಯಲ್ಲಿ ಸುಖವಾಗಿ ಸತ್ತಿದ್ದರು. ನಿಜ ಬಯಲಾದ ಮೇಲೆ ಹಡಗು ವಸ್ತುಸಂಗ್ರಹಾಲಯವಾಯಿತು. ‘ಕಾಲವನ್ನು ಗೆದ್ದ ನೌಕೆ’ ಎಂಬ ಫಲಕದಲ್ಲಿ ಕಪ್ತಾನನ ಹೆಸರು, ಎಂಜಿನಿಯರನ ಹೆಸರು, ಕೆಳಗೆ ‘ಮತ್ತು ಇತರರು’. ಆ ಇತರರಲ್ಲಿ ಒಬ್ಬನಾದ ಬಡಗಿಗೆ ಅಲ್ಲೇ ಕೊಳೆತ ಹಲಗೆ ಬದಲಿಸುವ ಕೆಲಸ ಸಿಕ್ಕಿತು.

ಮಗಳಿಗೆ ಈಗ ಮೂವತ್ತೈದು, ಅಪ್ಪನಿಗಿಂತ ನಾಲ್ಕು ವರ್ಷ ದೊಡ್ಡವಳು. ಎದುರಿಗೆ ಅಪ್ಪ ಎನ್ನಲು ನಾಲಿಗೆ ಹೊರಳದಿದ್ದರೂ ವಾರಕ್ಕೊಮ್ಮೆ ಬುತ್ತಿ ತರುತ್ತಿದ್ದಳು. ಅವನು ಉಣ್ಣುವಾಗ ಅವಳು ನೋಡುತ್ತಾ ಕೂರುತ್ತಿದ್ದಳು. ಅವನಿಗೆ ಅಷ್ಟೇ ಒಂದು ಸುಖ.

ಅಂಥದೇ ಒಂದು ಮಧ್ಯಾಹ್ನ ಕುಲುಮೆಯವನು ಮೆಟ್ಟಿಲು ಹತ್ತಿ ಬಂದ. ಮುಖದ ನಗು ಇಂಗಿಹೋಗಿತ್ತು.

“ನನ್ನ ಮಗನಿಗೆ ಹತ್ತೊಂಬತ್ತಂತೆ ಅಣ್ಣಾ. ನನ್ನಷ್ಟೇ ಎತ್ತರ ಇದ್ದಾನೆ. ‘ನೀವಿಬ್ರೂ ಅಣ್ಣತಮ್ಮ ಥರ ಕಾಣ್ತೀರಿ, ನಾನು ಹೇಗೆ ಬಾಳ್ಲಿ ನಿನ್ನ ಜೊತೆ’ ಅಂತಾಳೆ ಹೆಂಡ್ತಿ.” ಆಮೇಲೆ ಕೇಳಿದ: “ನಿಮಗೆ ಮೊದಲೇ ಗೊತ್ತಿತ್ತಾ?”

ಮಗಳು ಪಕ್ಕದಲ್ಲೇ ಇದ್ದಳು. ಸುಳ್ಳು ನಾಲಿಗೆಯ ತುದಿಗೇ ಬಂದಿತ್ತು. ಆದರೆ ಬಡಗಿ, “ಗೊತ್ತಿತ್ತು” ಎಂದ.

“ಹೇಳಿದ್ರೆ ಇಳಿದುಬಿಡ್ತಿದ್ದೆ.”

“ಅದಕ್ಕೇ ಹೇಳಲಿಲ್ಲ.”

ಕುಲುಮೆಯವನು ಕೈ ಎತ್ತಿದ. ಎತ್ತಿದ ಕೈಯನ್ನು ತಾನೇ ನೋಡಿಕೊಂಡು ಇಳಿಸಿದ, ಬಂದ ದಾರಿಯಲ್ಲೇ ಹೋದ.

ಮಗಳು ಎದ್ದು ನಿಂತಳು. “ನಿನಗೆ ಮೋಸ ಆಯ್ತಲ್ಲಾಂತ ಇಷ್ಟು ವರ್ಷ ಸಂಕಟ ಪಟ್ಕೊಂಡೆ. ಅದೇ ಮೋಸಾನ ಎತ್ತಿ ಇನ್ನೊಬ್ಬನ ತಲೆಗೆ ಕಟ್ಟಿದೆಯಲ್ಲ.”

“ನಿನ್ನ ಐದನೇ ವರ್ಷ ಬೇಕಿತ್ತು ನಂಗೆ.”

“ಅವನ ಮಗನದ್ದು?”

ಅವಳು ಬುತ್ತಿಯನ್ನು ಅಲ್ಲೇ ಬಿಟ್ಟು ಇಳಿದುಹೋದಳು. ಮುಂದಿನ ವಾರ ಬರಲಿಲ್ಲ. ಅದರ ಮುಂದಿನ ವಾರವೂ ಇಲ್ಲ.

ಕುಲುಮೆಯವನು ಬಂದರಿನ ಹಿಂದಿನ ಬೀದಿಯ ಬೇಕರಿ ಸೇರಿದನೆಂದು ಯಾರೋ ಹೇಳಿದರು. ಬಡಗಿ ತಿಂಗಳೆಲ್ಲ ಹಿಂದೆಮುಂದೆ ನೋಡಿ, ಕಡೆಗೊಂದು ಬೆಳಿಗ್ಗೆ ಅಲ್ಲಿಗೆ ಹೋಗಿ ಸಾಲಿನಲ್ಲಿ ನಿಂತ. ಆಡಬೇಕಾದ ಮಾತನ್ನು ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡಿದ್ದ. ಅವನ ಸರದಿ ಬಂತು. ಕುಲುಮೆಯವನು ಎಲ್ಲರಿಗೂ ಕೊಟ್ಟ ಹಾಗೇ ಬಿಸಿ ಬ್ರೆಡ್ಡನ್ನು ಕಾಗದದಲ್ಲಿ ಸುತ್ತಿ ಮುಂದಿಟ್ಟು, ಎಲ್ಲರನ್ನೂ ಕೇಳಿದ ಹಾಗೇ, “ಇನ್ನೇನಾದ್ರೂ ಬೇಕಾ?” ಎಂದ.

“ಬೇಡ” ಎಂದ ಬಡಗಿ. ಹಿಂದಿದ್ದ ಹೆಂಗಸು ಅವನನ್ನು ಸರಿಸಿಕೊಂಡು ಮುಂದೆ ಬಂದಳು.