ದೊರೆಗೊಂದು ಎಲೆ

ನಮ್ಮಪ್ಪನ ಲೆಕ್ಕದಲ್ಲಿ ದೊಡ್ಡವರು ಅಂದರೆ ಇಬ್ಬರೇ. ಒಬ್ಬ ಬೆಟ್ಟದ ಮೇಲಿನ ಜಟಿಂಗ ರಾಮೇಶ್ವರ, ಇನ್ನೊಬ್ಬ ಅಪ್ಪನ ಇಂಗ್ಲಿಷ್ ದೊರೆ. ಮಳೆ ಕೈಕೊಟ್ಟ ವರ್ಷ ರಾಮೇಶ್ವರನನ್ನಾದರೂ ಬೈಯುತ್ತಿದ್ದ. ದೊರೆಯನ್ನು ಮಾತ್ರ ಎಂದೂ ಬೈದವನಲ್ಲ.

ಬರ್ಮಾದ ಯುದ್ಧದಲ್ಲಿ ಅಪ್ಪ ಸೈನ್ಯದ ಅಧಿಕಾರಿಯಾಗಿದ್ದ ಆ ದೊರೆಯ ಜೀಪು ಓಡಿಸುತ್ತಿದ್ದ. ಹೆಗಲಿಗೆ ಪಟ್ಟೆ ಸಿಕ್ಕಿ ದೊರೆಯಾದವನಲ್ಲ ಅವನು, ಹುಟ್ಟಾ ಪಾಳೇಗಾರರ ಮನೆತನ. ಅವರೂರಿನ ಕೆರೆ, ಕಾಡು, ಕುದುರೆ ಲಾಯ ಎಲ್ಲ ಅವರದೇ ಅಂತೆ. ಅಂಥವನು ಕೆಸರಲ್ಲಿ ಹೂತ ಜೀಪಿಗೆ ಅಪ್ಪನ ಜೊತೆ ಹೆಗಲು ಕೊಟ್ಟಿದ್ದ. ನಮ್ಮಜ್ಜಿ ಮನೆಯಿಂದ ಕಳಿಸಿದ ಶೇಂಗಾ ಉಂಡೆಯನ್ನು ಕೇಳಿ ಕೇಳಿ ತಿನ್ನುತ್ತಿದ್ದ. ಯುದ್ಧ ಮುಗಿದ ಮೇಲೆ ಓಟಿಗೆ ನಿಲ್ಲುತ್ತೇನೆ ಅಂದಾಗ ಅಪ್ಪನಿಗೆ ನಗು ತಡೆಯಲಾಗಲಿಲ್ಲ. ಪಾಳೇಗಾರ ಹೋಗಿ ಕಂಡವರ ಬಾಗಿಲಲ್ಲಿ ಕೈ ಮುಗಿಯುವುದೇ! ಬೀಳ್ಕೊಡುವಾಗ ದೊರೆ, "ನಿಮ್ಮ ಕಲ್ಲುಬೆಟ್ಟ ನೋಡೋಕೆ ಬಂದೇ ಬರ್ತೀನಿ" ಅಂದಿದ್ದನಂತೆ.

ಆ ಒಂದು ಮಾತನ್ನು ನಂಬಿಕೊಂಡೇ ಅಪ್ಪ ಮುದುಕನಾದ. ನನ್ನನ್ನು ಚಳ್ಳಕೆರೆಯ ಎಣ್ಣೆ ಮಿಲ್ಲಿನವರ ಮನೆಗೆ ಕೊಟ್ಟಿದ್ದರು. ತೊಂಬತ್ತರ ದಶಕದಲ್ಲಿ ಸಿದ್ದಾಪುರದ ತವರಿಗೆ ಹೋದಾಗಲೆಲ್ಲ ಇದೇ ರಾಮಾಯಣ. ಎಲೆಕ್ಷನ್ ಜೀಪು ಧೂಳೆಬ್ಬಿಸಿಕೊಂಡು ಬಂದರೆ, "ನಮ್ಮ ದೊರೆ ಇಂಥೋರ್ನ ಹತ್ರಕ್ಕೂ ಸೇರಿಸ್ತಿರ್ಲಿಲ್ಲ" ಅನ್ನುತ್ತಿದ್ದ. ಅಂದವನೇ ಎದ್ದು ಹೋಗಿ ಜೀಪಿನೊಳಗೆ ಕತ್ತು ಚಾಚಿ ನೋಡುತ್ತಿದ್ದ. ಅದನ್ನು ಕಂಡರೆ ನನಗೆ ಸಿಟ್ಟೂ ಬರುತ್ತಿತ್ತು, ಪಾಪ ಅಂತಲೂ ಅನಿಸುತ್ತಿತ್ತು. ಬರುವವರು ಇಷ್ಟು ತಡ ಮಾಡುತ್ತಾರೆಯೇ ಎಂದು ಒಮ್ಮೆ ಕೇಳಿದ್ದಕ್ಕೆ ಎರಡು ದಿನ ನನ್ನ ಜೊತೆ ಮಾತು ಬಿಟ್ಟಿದ್ದ.

ಹಿರಿಯರ ಹಬ್ಬದಲ್ಲಿ ತೀರಿಹೋದವರಿಗೆಲ್ಲ ಅವರು ಮೆಚ್ಚಿ ತಿನ್ನುತ್ತಿದ್ದುದನ್ನು ಮಾಡಿ ಎಲೆಯಲ್ಲಿ ಎಡೆ ಇಡುತ್ತೇವೆ. ಒಂದು ವರ್ಷ ಅವ್ವ ಅಪ್ಪನಿಗೆ, "ನಿಮ್ಮ ದೊರೆಗೂ ಒಂದು ಎಲೆ ಹಾಕ್ಲೇನ್ರಿ? ನಿಮಗಿಂತ ದೊಡ್ಡೋರು, ಇನ್ನೂ ಇದ್ದಾರೋ ಇಲ್ಲೋ. ಆ ಸೀಮ್ಯಾಗೆ ಎಡೆ ಇಡೋರು ಯಾರವ್ರೆ?" ಅಂದಳು.

ಅಪ್ಪ ಕೆಂಡವಾದ. "ಬದುಕಿರೋರಿಗೆ ಎಡೆ ಇಡ್ತಾರೇನೇ? ಬಿಡ್ತು ಅನ್ನು!"

ಆಮೇಲೆ ಆ ಮಾತನ್ನು ಯಾರೂ ಎತ್ತಲಿಲ್ಲ.

ಚಳ್ಳಕೆರೆಗೆ ಸೈಬರ್ ಸೆಂಟರ್ ಬಂದ ಹೊಸದರಲ್ಲಿ ನಾನೇ ಹೋಗಿ ದೊರೆಯ ಹೆಸರು ಕೊಟ್ಟು ಹುಡುಕಿಸಿದೆ. ಸಿಕ್ಕೇಬಿಟ್ಟ. ಓಟಿಗೆ ನಿಂತು ಗೆದ್ದಿದ್ದ, ಪಾರ್ಲಿಮೆಂಟಿನಲ್ಲಿ ಬಹಳ ವರ್ಷ ಕೂತಿದ್ದ, ಒಮ್ಮೆ ಮಂತ್ರಿಯೂ ಆಗಿದ್ದ. ನನ್ನ ಮದುವೆಗೂ ಮುಂಚೆಯೇ ಸತ್ತಿದ್ದ. ಅಪ್ಪನಿಗೆ ಹೇಳುವುದೇ ಬೇಡ ಅನಿಸಿತು. ಆದರೆ ಅವನು ಇನ್ನೂ ಎಷ್ಟು ಜೀಪುಗಳಿಗೆ ಕತ್ತು ಚಾಚಬೇಕು? ಮಾರನೆಯ ದಿನವೇ ಬಸ್ಸು ಹತ್ತಿ ಹೋಗಿ ಹೇಳಿಬಿಟ್ಟೆ.

ಅಪ್ಪ ಜಗಲಿಯ ಮೇಲೆ ಕೂತಿದ್ದ. ಕೇಳಿದವನೇ ಹಣೆ ಹಣೆ ಬಡಿದುಕೊಂಡ. "ಇಷ್ಟು ವರ್ಷ ಅವರನ್ನ ಉಪವಾಸ ಕೆಡವಿದ್ನಲ್ಲೇ. ಎಡೆ ಬ್ಯಾಡ ಅಂದೋನು ನಾನೇ."

ಅವ್ವ ಒಳಗಿಂದ ಬಂದು ಪಕ್ಕದಲ್ಲಿ ಕೂತಳು. "ಯಾಕೆ ಉಪವಾಸ? ನೀವು ಬೈದ ವರ್ಷದಿಂದ್ಲೂ ಇಡ್ತಾನೇ ಇದೀನಿ. ನೀವೆಲ್ಲ ಹೊರಗೆ ಹೋದ ಮ್ಯಾಲೆ ನಿಮ್ಮವ್ವನ ಎಲೆ ಪಕ್ಕ ಇನ್ನೊಂದು ಸಣ್ಣೆಲೆ ಹಾಕಿ ಶೇಂಗಾ ಉಂಡೆ ಇಟ್ಟು ಬರ್ತಿದ್ದೆ."

ಎಡೆ ಇಟ್ಟಾದ ಮೇಲೆ ಬಾಗಿಲು ಮುಚ್ಚಿ ಮನೆಮಂದಿಯೆಲ್ಲ ಹೊರಗಿರುವುದು ನಮ್ಮಲ್ಲಿನ ಪದ್ಧತಿ. ಹಿರಿಯರು ಬಂದು ಉಣ್ಣುವುದನ್ನು ಬದುಕಿರುವವರು ನೋಡಬಾರದು.

ನನಗೆ ಎದೆ ಹಗುರವಾಯಿತು. ಅಪ್ಪನಿಗೂ ಸಮಾಧಾನವಾಗುತ್ತದೆ ಅಂದುಕೊಂಡೆ.

"ಹಂಗಾದ್ರೆ ಬಂದಿದ್ರು" ಅಂದ ಅಪ್ಪ. "ವರ್ಷಾ ವರ್ಷಾ ಬಂದವ್ರೆ. ನಮ್ಮವ್ವನ ಪಕ್ಕ ಕುಂತು ಉಂಡು ಹೋಗವ್ರೆ. ಅವರು ಒಳಗಿದ್ದಾಗ ನಾನು ಇಲ್ಲೇ ಕುಂತಿದ್ದೆ. ನಂಗೊಂದು ಮಾತು ಹೇಳಬಾರದಾಗಿತ್ತೇನೇ?"