ಪೆಟ್ಟಿಗೆಯೊಂದರ ಬಾಡಿಗೆದಾರಳು

ಅಂಚೆ ಕಚೇರಿಯ ಗೋಡೆಯಲ್ಲಿ ಸಾಲಾಗಿ ಕೂರಿಸಿದ ಪೋಸ್ಟ್ ಬಾಕ್ಸುಗಳನ್ನು ನೀವು ಗಮನಿಸಿರಬಹುದು. ಗಮನಿಸದಿದ್ದರೂ ತಪ್ಪಿಲ್ಲ, ಈಗ ಅವುಗಳ ಮುಂದೆ ನಿಲ್ಲುವವರು ಸಂಸ್ಥೆಗಳ ಅಟೆಂಡರುಗಳು ಮತ್ತು ನನ್ನಂಥ ಒಬ್ಬಿಬ್ಬರು ಹಠಮಾರಿಗಳು ಮಾತ್ರ. ಒಂದು ತೆಂಗಿನಕಾಯಿಯೂ ಹಿಡಿಸದ ಅಂಥ ಖಾನೆಯೊಂದಕ್ಕೆ ನಾನು ಹನ್ನೊಂದು ವರ್ಷಗಳಿಂದ ಬಾಡಿಗೆ ಕಟ್ಟುತ್ತಿದ್ದೇನೆ. ಉರ್ವದಲ್ಲಿ ನಮಗೆ ಮನೆಯಿದೆ, ಅದಕ್ಕೊಂದು ಗೇಟಿದೆ, ಆ ಗೇಟಿನವರೆಗೆ ಅಂಚೆಯವರು ತಪ್ಪದೆ ಬರುತ್ತಾರೆ. ಆದರೂ ಸಿಟಿ ಬಸ್ಸು ಹತ್ತಿ, ಬೀಗದಕೈ ಹಿಡಿದು, ನನ್ನ ಕಾಗದವನ್ನು ನಾನೇ ಕದಿಯುವವಳಂತೆ ಅತ್ತಿತ್ತ ನೋಡಿ ತೆಗೆದುಕೊಂಡು ಬರುತ್ತೇನೆ.

ಕಾರಣ ನಮ್ಮ ಮನೆತನದ ಅಭ್ಯಾಸ. ನಮ್ಮದು ಮೀನುಗಾರರ ಕುಟುಂಬ. ನನ್ನ ಬಾಲ್ಯದಲ್ಲಿ ಗಂಡಸರು ಗುಜರಾತಿನ ಬೋಟುಗಳಿಗೆ ಹೋಗಿ ತಿಂಗಳುಗಟ್ಟಲೆ ಅಲ್ಲೇ ಇರುತ್ತಿದ್ದರು. ಅವರಲ್ಲಿ ಬರೆಯಬಲ್ಲವನೊಬ್ಬ ಎಲ್ಲರ ಪರವಾಗಿ ಬರೆದ ಒಂದೇ ಕಾಗದದಲ್ಲಿ ಹತ್ತು ಮನೆಗಳ ಕ್ಷೇಮಸಮಾಚಾರವಿರುತ್ತಿತ್ತು. ಅದನ್ನು ಅಂಗಳದ ನಡುವೆ ನಿಂತು ಗಟ್ಟಿಯಾಗಿ ಓದುವ ಘನಕಾರ್ಯ ನಾಲ್ಕನೇ ಕ್ಲಾಸಿನ ನನ್ನದು. ಹೀಗಾಗಿ ಮುಚ್ಚಿದ ಲಕೋಟೆ ಒಬ್ಬರದೇ ಸೊತ್ತು ಎಂಬ ಕಲ್ಪನೆಯೇ ನಮ್ಮಲ್ಲಿ ಹುಟ್ಟಲಿಲ್ಲ. ಬೋಟುಗಳ ಕಾಲ ಮುಗಿದರೂ, ಅಮ್ಮನ ಮನೆಯಲ್ಲೇ ಉಳಿದ ನಾವು ಮೂವರು ಅಕ್ಕತಂಗಿಯರಲ್ಲಿ ಹಿರಿಯಳಾದ ಅಕ್ಕ, ಬಂಗುಡೆ ಮೀನು ಕೊಯ್ದ ಕೈಯನ್ನು ಒರೆಸಿಕೊಂಡು, ಯಾರ ಹೆಸರಿನ ಕಾಗದವನ್ನಾದರೂ ಒಡೆದು ಊಟಕ್ಕೆ ಕೂತವರೆದುರು ವಾಚನ ಮಾಡುತ್ತಾಳೆ. ನಿವೃತ್ತಳಾಗಿ ಪ್ರಬಂಧ ಬರೆಯುವ ಚಟ ಹಚ್ಚಿಕೊಂಡ ಮೇಲೆ ನನಗೆ ಬರುತ್ತಿದ್ದದ್ದು ಸಂಪಾದಕರ ವಿಷಾದಪತ್ರಗಳು. ತಿರಸ್ಕಾರವನ್ನು ನುಂಗಬಹುದು, ತಂಗಿಯ ವಾರವಿಡೀ ಸಾಂತ್ವನವನ್ನು ನುಂಗಲಾಗದು. ಹಾಗಾಗಿ ಪೋಸ್ಟ್ ಬಾಕ್ಸು.

ಹೋದ ವರ್ಷ ರುಕಿಯಾ ಬಂದಳು. ಉಳ್ಳಾಲದವಳು, ನನ್ನ ಹಳೆಯ ವಿದ್ಯಾರ್ಥಿನಿ, ಗಂಡ ಗಲ್ಫಿನಲ್ಲಿ. ಆಸ್ಪತ್ರೆಯೊಂದರ ಲ್ಯಾಬಿನ ಕೆಲಸಕ್ಕೆ ಅರ್ಜಿ ಹಾಕುವವಳಿದ್ದಳು. ಗಂಡನಿಗೆ ಗೊತ್ತಿತ್ತು. ಸಿಕ್ಕಿದ ಮೇಲೆಯೇ ಅತ್ತೆಗೆ ಹೇಳೋಣ ಎಂಬುದು ಅವಳ ಯೋಚನೆ. ಅವಳು ಕೇಳಿಯೇ ಇರಲಿಲ್ಲ, ನಾನೇ ಮುಂದಾಗಿ, "ಮನೆಯ ವಿಳಾಸ ಮಾತ್ರ ಕೊಡ್ಬೇಡ ಮಾರಾಯ್ತಿ, ನಿನ್ನ ಅತ್ತೆ ಒಡೆದು ಓದಿಬಿಡ್ತಾರೆ. ನನ್ನ ಬಾಕ್ಸ್ ನಂಬರ್ ಕೊಡು" ಎಂದು ಅಪ್ಪಣೆ ಕೊಡಿಸಿದೆ. ಟೀಚರ ಮಾತೆಂದು ಅವಳು ಹಾಗೆಯೇ ಮಾಡಿದಳು.

ಇನ್ನು ನನ್ನ ಹೇಡಿತನದ ಅಧ್ಯಾಯ. ಒಂದು ಪತ್ರಿಕೆಗೆ ನನ್ನ ಪ್ರಾಣಪ್ರಿಯ ಪ್ರಬಂಧವನ್ನು ಕಳಿಸಿದ್ದೆ. ಅದು ಮರಳಿ ಬಂದಿರಬಹುದೆಂಬ ಭೀತಿಯಲ್ಲಿ ಏಳೆಂಟು ದಿನ ಬಾಕ್ಸಿನತ್ತ ಸುಳಿಯಲಿಲ್ಲ. ಕೊನೆಗೆ ಒಂದು ಶನಿವಾರ ಮಧ್ಯಾಹ್ನ ಧೈರ್ಯ ಮಾಡಿ ತೆರೆದರೆ ಪ್ರಬಂಧವಿರಲಿಲ್ಲ, ಒಂದು ಚೀಟಿಯಿತ್ತು. ರುಕಿಯಾಳ ಹೆಸರಿಗೆ ಸ್ಪೀಡ್ ಪೋಸ್ಟ್ ಬಂದಿದೆ, ಕೌಂಟರಿನಲ್ಲಿ ಸಹಿ ಹಾಕಿ ಪಡೆಯಿರಿ ಎಂದು. ಏಳು ದಿನ ಇಟ್ಟುಕೊಂಡು ವಾಪಸು ಕಳಿಸುತ್ತಾರೆ, ಅಂದು ಏಳನೆಯ ದಿನ. ಚೀಟಿ ಹಿಡಿದು ಕೌಂಟರಿಗೆ ಓಡಿದೆ.

ಕೌಂಟರಿನ ಹುಡುಗಿ ಲಕೋಟೆಯನ್ನು ತೋರಿಸಿದಳು, ಕೊಡಲಿಲ್ಲ. "ಬಾಕ್ಸ್ ನಿಮ್ಮದು ಹೌದು ಮೇಡಂ, ಹೆಸರು ನಿಮ್ಮದಲ್ಲ ಅಲ್ವಾ? ಅವರೇ ಆಧಾರ್ ಹಿಡ್ಕೊಂಡು ಬರ್ಲಿ. ಮೂರು ಗಂಟೆಗೆ ಕೌಂಟರ್ ಬಂದ್." ಲಕೋಟೆಯ ಮೂಲೆಯಲ್ಲಿ ಆಸ್ಪತ್ರೆಯ ಮುದ್ರೆ ಕಾಣುತ್ತಿತ್ತು. ರುಕಿಯಾಳಿಗೆ ಫೋನು ಮಾಡಿದೆ. "ಬರ್ತೇನೆ ಟೀಚರ್" ಎಂಬ ಸಣ್ಣ ಸ್ವರ. ಮನೆಯಲ್ಲಿ ಏನು ನೆಪ ಹೇಳಿ ಹೊರಡುತ್ತಾಳೋ, ಯಾರು ತಡೆಯುತ್ತಾರೋ ಎಂದು ಯೋಚಿಸುತ್ತ ಕಾಯತೊಡಗಿದೆ.

ಎರಡು ಗಂಟೆಗೆ ಅವಳ ಫೋನು: "ಪಂಪ್‌ವೆಲ್‌ನಲ್ಲಿ ಬ್ಲಾಕ್ ಉಂಟು ಟೀಚರ್, ಬಸ್ಸು ಅಲ್ಲಾಡ್ತಿಲ್ಲ." ಎರಡೂವರೆಗೂ ಅದೇ ಮಾತು. ಬೆಂಚಿನ ಮೇಲೆ ಕೂತರೆ ಗಡಿಯಾರ ಕಾಣುತ್ತದೆಂದು ಎದ್ದೆ, ಎದ್ದರೆ ಕೌಂಟರಿನ ಹುಡುಗಿ ಕಾಣುತ್ತಾಳೆಂದು ಕೂತೆ. ಎರಡು ಮುಕ್ಕಾಲಿಗೆ ಅವಳು ವಾಪಸು ಕಳಿಸುವ ಅಂಚೆಯನ್ನು ಕಟ್ಟು ಕಟ್ಟತೊಡಗಿದಳು. ಹನ್ನೊಂದು ವರ್ಷ ನನ್ನ ಮಾನ ಕಾಪಾಡಿದ ಆ ಖಾನೆಯ ಮೇಲೆ ಮೊದಲ ಬಾರಿಗೆ ನನಗೆ ದ್ವೇಷ ಹುಟ್ಟಿತು. ನನ್ನ ಮೇಲೆ ಹುಟ್ಟಿದ್ದನ್ನು ಹೇಳಲಾರೆ.

ಮೂರಕ್ಕೆ ಐದು ನಿಮಿಷವಿರುವಾಗ ರುಕಿಯಾ ಓಡಿಬಂದಳು. ಅವಳ ಹಿಂದೆ, ಏದುಸಿರು ಬಿಡುತ್ತ, ಬುರ್ಖಾದ ಅಂಚನ್ನು ಎತ್ತಿ ಹಿಡಿದು ಮೆಟ್ಟಿಲು ಹತ್ತುತ್ತಿದ್ದವರು ಸಾಕ್ಷಾತ್ ಅವಳ ಅತ್ತೆ. "ಅತ್ತೆ ಬಂದಿದ್ದಾರೆ ಟೀಚರ್" ಎಂದಳು. ಎಲ್ಲವೂ ಮುಗಿಯಿತೆಂದುಕೊಂಡೆ. ರುಕಿಯಾ ಆಧಾರ್ ತೋರಿಸಿ ಸಹಿ ಹಾಕಿದಳು. ಲಕೋಟೆ ಕಿಟಕಿಯಿಂದ ಹೊರಬಂದದ್ದೇ ತಡ, ನಾಲ್ಕನೇ ಕ್ಲಾಸಿನ ಆ ಹುಡುಗಿ ನನ್ನೊಳಗೆ ಎದ್ದಳೋ ಏನೋ, ನಾನದನ್ನು ಸೆಳೆದುಕೊಂಡು ಹರಿಯಲು ಹೊರಟಿದ್ದೆ.

ಅತ್ತೆ ನನ್ನ ಮಣಿಕಟ್ಟು ಹಿಡಿದರು. "ಟೀಚರೇ, ಅದು ಅವಳ ಕಾಗದ ಅಲ್ವಾ? ಅವಳೇ ಓದ್ಲಿ."

ರುಕಿಯಾ ಗೋಡೆಯ ಪಕ್ಕಕ್ಕೆ ಹೋಗಿ ಒಡೆದು, ಸದ್ದಿಲ್ಲದೆ ಓದಿದಳು. ನಾವು ಇಬ್ಬರು ಮುದುಕಿಯರು ಅವಳ ಮುಖವನ್ನು ನೋಡುತ್ತ ನಿಂತೆವು. "ಸೋಮವಾರ ಸೇರ್ಬೇಕಂತೆ" ಎಂದಳು, ಎಂದವಳು ಅತ್ತುಬಿಟ್ಟಳು. ಅತ್ತೆ ಅವಳ ತಲೆ ಸವರಿ ನನ್ನತ್ತ ತಿರುಗಿದರು. ಸ್ವರದಲ್ಲಿ ಸಿಟ್ಟಿರಲಿಲ್ಲ, ಇದ್ದಿದ್ದರೆ ನನಗೆ ಹಗುರಾಗುತ್ತಿತ್ತು.

"ಇವಳು ಬಸ್ಸಲ್ಲಿ ಎಲ್ಲ ಹೇಳಿದ್ಲು. ಮನೆಗೇ ಬಂದಿದ್ರೆ ಏಳು ದಿನ ಮೊದಲೇ ಸಿಗ್ತಿತ್ತು. ನಮ್ಮಲ್ಲಿ ಇನ್ನೊಬ್ಬರ ಕಾಗದ ಯಾರೂ ಮುಟ್ಟುದಿಲ್ಲ ಟೀಚರೇ. ಎಂತಕ್ಕೆ ಹೀಗೆ ಮಾಡಿದ್ದು ನೀವು?"

ನಮ್ಮ ಮನೆಯಂಗಳವನ್ನೇ ಲೋಕವೆಂದು ತಿಳಿದು, ಕಂಡಿರದ ಒಂದು ಮನೆಯ ಹೆಂಗಸಿನ ಮೇಲೆ ನಮ್ಮ ಅಕ್ಕನ ಬುದ್ಧಿಯನ್ನು ಹೊರಿಸಿ, ಒಬ್ಬಳ ಬದುಕನ್ನು ಐದು ನಿಮಿಷದ ಅಂಚಿಗೆ ತಂದು ನಿಲ್ಲಿಸಿದ್ದೆ. ಕ್ಷಮಿಸಿ ಎಂದೆ, ಅದು ಸಾಲದೆಂದು ನನಗೂ ಗೊತ್ತಿತ್ತು.

ಅಂದು ಸಂಜೆ ಅಡುಗೆಮನೆಯ ಬಾಗಿಲಲ್ಲಿ ನಿಂತು, "ಅಕ್ಕ, ನನ್ನ ಕಾಗದ ಇನ್ನು ನೀನು ಒಡೀಬೇಡ" ಎಂದೆ. ಅಕ್ಕ ತಿರುಗಿ ನೋಡಿದಳು.

"ಆಯ್ತು. ಅದಕ್ಕೆಂತ? ನಿಂಗೆ ಬೇಜಾರು ಅಂತ ಯಾವತ್ತಾದ್ರೂ ಹೇಳಿದ್ದುಂಟಾ ನೀನು?"